ಮಾತು ತೊದಲಿದರೆ ನುಂಗುವುದನ್ನೂ ನೋಡಿ

ಮಾನ್ಯ ಸಂಪಾದಕರೇ,

ತಮ್ಮ ಪತ್ರಿಕೆಯ ಆರೋಗ್ಯ ಪುಟದಲ್ಲಿ ಪಾರ್ಶ್ವವಾಯುವಿನ ಲಕ್ಷಣಗಳನ್ನು ಕುರಿತು ಪ್ರಕಟವಾದ ಲೇಖನವನ್ನು ಗಮನವಿಟ್ಟು ಓದಿದೆ. ಮುಖ ಒಂದು ಬದಿಗೆ ಸೊಟ್ಟಗಾಗುವುದು, ಎತ್ತಿದ ಕೈ ತಾನಾಗಿ ಕೆಳಗೆ ಜಾರುವುದು, ಮಾತು ತೊದಲುವುದು, ಈ ಮೂರರಲ್ಲಿ ಒಂದು ಕಂಡರೂ ತಡಮಾಡದೆ ಆಸ್ಪತ್ರೆಗೆ ಕರೆದೊಯ್ಯಬೇಕೆಂದು ಲೇಖಕರು ಹೇಳಿರುವುದು ಸರಿಯಾಗಿಯೇ ಇದೆ. ಆದರೆ ವಾಹನ ಬರುವವರೆಗಿನ ಹತ್ತಿಪ್ಪತ್ತು ನಿಮಿಷಗಳಲ್ಲಿ ಮನೆಯವರು ಏನು ಮಾಡುತ್ತಾರೆಂಬ ವಿಷಯ ಲೇಖನದಲ್ಲಿ ಬರಲೇ ಇಲ್ಲ. ಯಾರಾದರೊಬ್ಬರು ಒಳಗೆ ಓಡಿ ಒಂದು ಲೋಟ ನೀರು ತರುತ್ತಾರೆ, ಇನ್ನೊಬ್ಬರು ರೋಗಿಯ ತಲೆಯನ್ನು ಹಿಂದಕ್ಕೆ ಒರಗಿಸಿ ಹಿಡಿಯುತ್ತಾರೆ, ಮತ್ತೊಬ್ಬರು ಗುಟುಕು ಗುಟುಕಾಗಿ ಕುಡಿಸುತ್ತಾರೆ. ಮನೆಯಲ್ಲಿದ್ದ ಯಾವುದೋ ಮಾತ್ರೆಯನ್ನು ಜೊತೆಗೆ ಹಾಕುವವರೂ ಇದ್ದಾರೆ. (ಮೆದುಳಿನಲ್ಲಿ ರಕ್ತಸ್ರಾವವಾಗಿದ್ದರೆ ರಕ್ತ ತೆಳುವಾಗಿಸುವ ಮಾತ್ರೆಯೇ ಕೇಡು ತರಬಹುದು, ಅದು ಬೇರೆಯೇ ಮಾತು.) ಪಾರ್ಶ್ವವಾಯು ತಗುಲಿದ ಮೊದಲ ದಿನಗಳಲ್ಲಿ ಸರಿಸುಮಾರು ಅರ್ಧದಷ್ಟು ರೋಗಿಗಳಿಗೆ ನುಂಗಲು ತೊಂದರೆ ಇರುತ್ತದೆ. ಪ್ರೀತಿಯಿಂದ ಕುಡಿಸಿದ ಆ ನೀರು ಹೊಟ್ಟೆ ಸೇರುತ್ತದೆಯೋ ಶ್ವಾಸಕೋಶ ಸೇರುತ್ತದೆಯೋ ಎಂದು ಹೊರಗಿನಿಂದ ನೋಡುವವರಿಗೆ ತಿಳಿಯುವುದಿಲ್ಲ.

ನಾನು ವೈದ್ಯನಲ್ಲ. ಪಾರ್ಕಿನ್ಸನ್ ಕಾಯಿಲೆಯಿದ್ದ ನನ್ನ ತಂದೆಯವರನ್ನು ಅನೇಕ ವರ್ಷ ನೋಡಿಕೊಂಡವನು. ಈ ವಿಷಯದಲ್ಲಿ ನನಗಿರುವ ತಿಳಿವಳಿಕೆಯೆಲ್ಲ ಅವರ ಮಂಚದ ಪಕ್ಕದಲ್ಲಿ, ಬಹುಪಾಲು ತಪ್ಪು ಮಾಡಿದ ಮೇಲೆ ಬಂದದ್ದು.

ಕುಡಿಯುವಾಗ ಕೆಮ್ಮು ಬಂದರೆ ನಾವು ‘ನೆತ್ತಿಗೆ ಹತ್ತಿತು’ ಎನ್ನುತ್ತೇವೆ. ಹತ್ತುವುದು ನೆತ್ತಿಗಲ್ಲ, ಶ್ವಾಸನಾಳಕ್ಕೆ. ಗಂಟಲು ಎಂಬುದು ಗಾಳಿಯೂ ಆಹಾರವೂ ಒಂದೇ ಓಣಿಯಲ್ಲಿ ಹಾದು ಮುಂದೆ ಕವಲೊಡೆಯುವ ಜಾಗ. ನುಂಗುವ ಕ್ಷಣದಲ್ಲಿ ಉಸಿರು ತಾನಾಗಿ ನಿಲ್ಲುತ್ತದೆ, ಧ್ವನಿಪೆಟ್ಟಿಗೆ ಮೇಲಕ್ಕೂ ಮುಂದಕ್ಕೂ ಸರಿಯುತ್ತದೆ, ಅದರ ಮೇಲಿನ ಮುಚ್ಚಳ ಬಾಗುತ್ತದೆ, ಧ್ವನಿತಂತುಗಳು ಒಂದಕ್ಕೊಂದು ಅಂಟಿಕೊಂಡು ಬಾಗಿಲು ಹಾಕುತ್ತವೆ, ಅನ್ನನಾಳದ ಬಾಯಿ ಸಡಿಲಗೊಂಡು ತುತ್ತನ್ನು ಒಳಗೆ ಬಿಟ್ಟುಕೊಳ್ಳುತ್ತದೆ. ಗಂಟಲಿನ ಈ ಹಂತವೆಲ್ಲ ಮುಗಿಯಲು ಹಿಡಿಯುವ ಸಮಯ ಸುಮಾರು ಒಂದು ಸೆಕೆಂಡು. 30ಕ್ಕೂ ಹೆಚ್ಚು ಸ್ನಾಯುಗಳು, ತಲೆಬುರುಡೆಯಿಂದ ಹೊರಡುವ 12 ಜೋಡಿ ನರಗಳ ಪೈಕಿ 5, 7, 9, 10 ಮತ್ತು 12ನೆಯವು, ಇವುಗಳಿಗೆಲ್ಲ ತಾಳ ಹಾಕುವ ಮೆದುಳಿನ ಕಾಂಡ, ಇಷ್ಟೂ ಸರಿಯಿದ್ದಾಗ ನಮಗೆ ನುಂಗಿದ್ದೇ ಗೊತ್ತಾಗುವುದಿಲ್ಲ. ಪಾರ್ಶ್ವವಾಯು, ಪಾರ್ಕಿನ್ಸನ್, ಸ್ನಾಯುಗಳನ್ನು ಆಡಿಸುವ ಚಾಲಕ ನರಕೋಶಗಳ ಕಾಯಿಲೆ, ನರಗಳ ಹೊದಿಕೆ ಹಾಳಾಗುವ ಮಲ್ಟಿಪಲ್ ಸ್ಕ್ಲೆರೋಸಿಸ್, ಬಳಸಿದಷ್ಟೂ ಸ್ನಾಯು ಸೋಲುವ ಮಯಸ್ಥೇನಿಯಾ, ಮರೆವಿನ ಕಾಯಿಲೆಯ ಮುಂದುವರಿದ ಹಂತ, ಇವುಗಳಲ್ಲಿ ಕೆಡುವುದು ಈ ಒಂದು ಸೆಕೆಂಡಿನ ಲೆಕ್ಕಾಚಾರ.

ನಮ್ಮ ಮನೆಯಲ್ಲಿ ನಡೆದದ್ದನ್ನು ಹೇಳುತ್ತೇನೆ. ತಂದೆಯವರಿಗೆ ನೀರು ಕುಡಿಯುವಾಗಲೆಲ್ಲ ಕೆಮ್ಮು ಬರುತ್ತಿತ್ತು. ಕೆಲವು ತಿಂಗಳ ಬಳಿಕ ಕೆಮ್ಮು ತಾನಾಗಿ ಕಡಿಮೆಯಾಯಿತು. ನಾವೆಲ್ಲ ಸಮಾಧಾನಪಟ್ಟೆವು, ಗಂಟಲು ಸರಿಹೋಯಿತೆಂದು ಬಂದವರಿಗೆಲ್ಲ ಹೇಳಿದೆವು. ಆದರೆ ನೀರು ಕುಡಿದ ಮೇಲೆ ಅವರು ಮಾತನಾಡಿದರೆ ಧ್ವನಿ ಗೊರಗೊರ ಎನ್ನುತ್ತಿತ್ತು, ನೀರೊಳಗಿಂದ ಗುಳ್ಳೆ ಏಳುತ್ತಿರುವಂತೆ. ಅದನ್ನು ಕಫವೆಂದುಕೊಂಡೆವು. ಮಾತ್ರೆ ನುಂಗಿದ್ದೇನೆಂದು ಅವರು ತಲೆಯಾಡಿಸಿದ ಅರ್ಧ ಗಂಟೆಯ ಮೇಲೆ ಅದು ಕೆನ್ನೆ ಮತ್ತು ಒಸಡಿನ ನಡುವೆ ಅರ್ಧ ಕರಗಿ ಅಂಟಿಕೊಂಡಿರುವುದು ಸಿಗುತ್ತಿತ್ತು. ಅದನ್ನು ಹಟವೆಂದುಕೊಂಡೆವು. ಆಮೇಲೆ ಜ್ವರ ಬಂತು, ನ್ಯುಮೋನಿಯಾ ಎಂದರು, ಔಷಧಿ ಕೊಟ್ಟು ಗುಣಪಡಿಸಿ ಮನೆಗೆ ಕಳುಹಿಸಿದರು. ಎರಡು ತಿಂಗಳಲ್ಲಿ ಮತ್ತೆ ಅದೇ ಜ್ವರ, ಅದೇ ಆಸ್ಪತ್ರೆ. ಎರಡು ಸಲವೂ ನಮ್ಮ ಕೈಗೆ ಕೊಟ್ಟ ಬಿಡುಗಡೆ ಚೀಟಿಯಲ್ಲಿ ಯಾವ ಮಾತ್ರೆ ಎಷ್ಟು ಹೊತ್ತಿಗೆ ಎಂಬುದಿತ್ತು. ಆ ಮಾತ್ರೆ ಗಂಟಲಿನಿಂದ ಕೆಳಗಿಳಿಯುವುದು ಹೇಗೆಂಬ ಬಗ್ಗೆ ಒಂದಕ್ಷರವೂ ಇರಲಿಲ್ಲ.

ಮೂರನೆಯ ಸಲ ಬೇರೊಂದು ಕಡೆ ದಾಖಲಿಸಿದಾಗ ಒಬ್ಬ ವಾಕ್ ಚಿಕಿತ್ಸಕಿ ಬಂದರು. ಮಾತಿನ ತಜ್ಞೆಗೆ ನ್ಯುಮೋನಿಯಾ ವಾರ್ಡಿನಲ್ಲಿ ಏನು ಕೆಲಸವೆಂದು ನನಗೆ ಆಶ್ಚರ್ಯವಾಯಿತು. ಅವರು ತಂದೆಯವರನ್ನು ನೆಟ್ಟಗೆ ಕೂರಿಸಿ, “ಒಮ್ಮೆ ಆ ಅನ್ನಿ ಸರ್” ಎಂದರು. ಒಂದು ಚಮಚ ನೀರು ಕೊಟ್ಟು, ಗಂಟಲಿನ ಮೇಲೆ ಎರಡು ಬೆರಳಿಟ್ಟು ಧ್ವನಿಪೆಟ್ಟಿಗೆ ಮೇಲೇರುವುದನ್ನು ಮುಟ್ಟಿ ನೋಡಿ, ಮತ್ತೆ “ಆ” ಎನ್ನಿಸಿದರು. ಮೊದಲ ‘ಆ’ ಒಣಗಿತ್ತು, ಎರಡನೆಯದು ಒದ್ದೆಯಾಗಿತ್ತು. “ನೀರು ಧ್ವನಿತಂತುಗಳ ಮೇಲೆ ನಿಂತಿದೆ, ಇವರಿಗೆ ಅದು ಗೊತ್ತಾಗುತ್ತಿಲ್ಲ” ಎಂದರು. ಕೆಮ್ಮು ನಿಂತದ್ದು ಗುಣವಾದ ಗುರುತಲ್ಲ, ಗಂಟಲಿನ ಕಾವಲುಗಾರ ನಿದ್ದೆಹೋದ ಗುರುತು ಎಂಬುದು ನನಗೆ ಅರ್ಥವಾದದ್ದು ಆ ದಿನ. ನೀರು, ಆಹಾರ ಅಥವಾ ಉಗುಳು ಶ್ವಾಸನಾಳಕ್ಕೆ ಇಳಿದರೂ ಕೆಮ್ಮೇ ಬಾರದಿರುವ ಈ ಸ್ಥಿತಿ ನರರೋಗಿಗಳಲ್ಲಿ ಅಪರೂಪವೇನಲ್ಲ. ಅದಕ್ಕಾಗಿಯೇ ಸಂಶಯವಿದ್ದವರಿಗೆ ಎಕ್ಸ್‌ರೇಯಲ್ಲಿ ಎದ್ದು ಕಾಣುವ ಬೇರಿಯಂ ಬೆರೆಸಿದ ಆಹಾರ ಕೊಟ್ಟು ಚಲಿಸುವ ಎಕ್ಸ್‌ರೇಯಲ್ಲಿ ನುಂಗುವುದನ್ನು ನೋಡುವ ಪರೀಕ್ಷೆ ಮಾಡುತ್ತಾರೆ. ಇಲ್ಲವೇ ಮೂಗಿನ ಮೂಲಕ ತೆಳುವಾದ ಎಂಡೋಸ್ಕೋಪಿ ನಳಿಕೆ ಇಳಿಸಿ ನೇರವಾಗಿ ನೋಡುತ್ತಾರೆ. ಎರಡನೆಯ ವಿಧಾನದ ಮೊದಲ ವಿವರಣೆ ಪ್ರಕಟವಾದದ್ದು 1988ರಲ್ಲಿ. ಎರಡೂ ಹೊಸದೇನಲ್ಲ, ಮಾಡಿಸಬೇಕೆಂದು ಯಾರಾದರೂ ಹೇಳಬೇಕು ಅಷ್ಟೆ.

ಮಾತಿಗೂ ನುಂಗುವುದಕ್ಕೂ ಏನು ನಂಟೆಂದು ಕೇಳುವವರಿಗೆ ನಮ್ಮ ವರ್ಣಮಾಲೆಯೇ ಉತ್ತರ ಹೇಳುತ್ತದೆ. ಕ ವರ್ಗ ಗಂಟಲ ಬಳಿ ಹುಟ್ಟುತ್ತದೆ, ಚ ವರ್ಗ ತಾಲುವಿನಲ್ಲಿ, ಟ ವರ್ಗ ಅದರ ನೆತ್ತಿಯಲ್ಲಿ, ತ ವರ್ಗ ಹಲ್ಲಿನ ಹಿಂದೆ, ಪ ವರ್ಗ ತುಟಿಯಲ್ಲಿ. ಒಳಗಿನಿಂದ ಹೊರಕ್ಕೆ ಹಾಕಿದ ಬಾಯಿಯ ನಕ್ಷೆ ಅದು. ತುತ್ತು ಅದೇ ದಾರಿಯಲ್ಲಿ ತಿರುಗಿ, ತುಟಿಯಿಂದ ಗಂಟಲಿಗೆ ನಡೆಯುತ್ತದೆ. ತುಟಿಯ ಸ್ನಾಯು ಸೋತರೆ ಪ, ಬ ಮಸುಕಾಗುತ್ತವೆ, ಅದೇ ತುಟಿಯ ಮೂಲೆಯಿಂದ ನೀರು ಸೋರುತ್ತದೆ. ನಾಲಿಗೆ ಸೋತರೆ ತ, ದ, ಲ, ರ ಎಡವುತ್ತವೆ, ಆಹಾರ ಕೆನ್ನೆಯಲ್ಲಿ ಉಳಿಯುತ್ತದೆ. ಮೃದುತಾಲು ಮೇಲೇಳದಿದ್ದರೆ ಉಸಿರು ಮೂಗಿನಿಂದ ಹೊರಬಿದ್ದು ‘ಬ’ ಹೇಳಹೊರಟವರಿಂದ ‘ಮ’ ಬರುತ್ತದೆ, ‘ದ’ ಹೋಗಿ ‘ನ’ ಆಗುತ್ತದೆ, ಕುಡಿದ ನೀರೂ ಮೂಗಿನಲ್ಲಿ ಬರಬಹುದು. ಧ್ವನಿತಂತುಗಳು ಸರಿಯಾಗಿ ಕೂಡದಿದ್ದರೆ ಧ್ವನಿ ಗಾಳಿಗಾಳಿಯಾಗುತ್ತದೆ, ಕೆಮ್ಮಿನಲ್ಲಿ ಕಸುವಿರುವುದಿಲ್ಲ, ಕಸುವಿಲ್ಲದ ಕೆಮ್ಮು ಒಳಹೊಕ್ಕ ನೀರನ್ನು ಹೊರಗೆ ಹಾಕಲಾರದು. ವಾಕ್ ತಜ್ಞರು ರೋಗಿಯಿಂದ ‘ಪ ತ ಕ, ಪ ತ ಕ’ ಎಂದು ಬೇಗ ಬೇಗ ಹೇಳಿಸುವುದು ಈ ಮೂರು ಠಾಣೆಗಳನ್ನು ಒಂದೇ ಉಸಿರಿನಲ್ಲಿ ತಪಾಸಣೆ ಮಾಡಲಿಕ್ಕೆ. ತೊದಲುವವರೆಲ್ಲರಿಗೂ ನುಂಗುವ ತೊಂದರೆ ಇದ್ದೇ ಇರುತ್ತದೆಂದು ನಾನು ಹೇಳುತ್ತಿಲ್ಲ. ಮಾತು ಹೊಸದಾಗಿ ತೊದಲಿದರೆ ನುಂಗುವುದನ್ನೂ ಅದೇ ದಿನ ನೋಡಬೇಕೆಂಬುದಷ್ಟೇ ನನ್ನ ವಾದ.

ಪಾರ್ಕಿನ್ಸನ್ ಕಾಯಿಲೆಯಲ್ಲಿ ಇದು ಹೊಸ ಸಂಗತಿಯೂ ಅಲ್ಲ. ಇಂಗ್ಲೆಂಡಿನ ವೈದ್ಯ ಜೇಮ್ಸ್ ಪಾರ್ಕಿನ್ಸನ್ 1817ರಲ್ಲಿ ಕೇವಲ 6 ಮಂದಿಯ ವಿವರಗಳನ್ನಿಟ್ಟುಕೊಂಡು ಈ ಕಾಯಿಲೆಯನ್ನು ಬಣ್ಣಿಸಿದಾಗಲೇ ರೋಗ ಬಲಿತವರ ಮಾತು ತಿಳಿಯದಂತಾಗುವುದನ್ನೂ, ತುತ್ತು ಬಾಯಲ್ಲಿ ನಿಲ್ಲದಿರುವುದನ್ನೂ, ಜೊಲ್ಲು ಸದಾ ಸುರಿಯುವುದನ್ನೂ ಬರೆದಿದ್ದರು. ಇನ್ನೂರು ವರ್ಷಗಳ ಮೇಲೂ ನಮಗೆ ಈ ಕಾಯಿಲೆಯೆಂದರೆ ನಡುಗುವ ಕೈ ಮಾತ್ರ ಕಣ್ಣಿಗೆ ಬರುತ್ತದೆ. ಜೊಲ್ಲು ಸುರಿಯುವುದು ಉಗುಳು ಹೆಚ್ಚಾದ್ದರಿಂದ ಎಂದು ತಿಳಿಯುವವರೇ ಹೆಚ್ಚು. ನಿಜದಲ್ಲಿ ಆಗಿರುವುದು ಉಗುಳು ನುಂಗುವುದು ಕಡಿಮೆಯಾಗಿರುವುದು. ಧ್ವನಿಯ ವಿಷಯದಲ್ಲಿ ಇನ್ನೊಂದು ವಿಚಿತ್ರವಿದೆ. ತಮ್ಮ ಧ್ವನಿ ಸಣ್ಣದಾಗಿದೆಯೆಂದು ರೋಗಿಗೆ ತಿಳಿಯುವುದಿಲ್ಲ. ತಂದೆಯವರು ನಮ್ಮ ಕಿವಿಯೇ ಮಂದವಾಗಿದೆಯೆಂದು ಬಹಳ ದಿನ ಗೊಣಗುತ್ತಿದ್ದರು. ‘ಗಟ್ಟಿಯಾಗಿ ಮಾತಾಡಿ’ ಎಂದು ಗದರಿದರೆ ಒಂದು ವಾಕ್ಯ ಗಟ್ಟಿಯಾಗಿ ಬಂದು ಎರಡನೆಯದು ಮತ್ತೆ ಪಿಸುಮಾತಾಗುತ್ತದೆ. ದೊಡ್ಡ ಧ್ವನಿಯನ್ನೇ ಗುರಿಯಾಗಿಸಿಕೊಂಡ ತರಬೇತಿಯೊಂದು 1980ರ ದಶಕದಿಂದ ಬಳಕೆಯಲ್ಲಿದೆ: ವಾರಕ್ಕೆ 4 ದಿನದಂತೆ 4 ವಾರ, ದಿನಕ್ಕೊಂದು ಗಂಟೆ. ‘ಎಷ್ಟು ಗಟ್ಟಿಯಾದರೆ ಸಾಕಷ್ಟು ಗಟ್ಟಿ’ ಎಂಬ ಅಳತೆಯನ್ನು ರೋಗಿಯ ಕಿವಿಗೆ ಹೊಸದಾಗಿ ಕಲಿಸುವುದೇ ಅದರ ಹೂರಣ. ತಂದೆಯವರಿಗೆ ಅದನ್ನು ಕೊಡಿಸಿದ್ದು ತಡವಾಗಿ. ಆದರೂ ದೂರವಾಣಿಯಲ್ಲಿ ಅವರ ಮಾತು ಮತ್ತೆ ಕೆಲವು ಕಾಲ ಕೇಳಿಸಿತು.

ಊಟದ ಹೊತ್ತಿನ ವಿಷಯಕ್ಕೆ ಬಂದರೆ, ಕಲಿಯಬೇಕಾದದ್ದು ಬಹಳ, ಕಲಿಸುವವರು ಕಡಿಮೆ. ಮಲಗಿದವರ ಬಾಯಿಗೆ ಏನನ್ನೂ ಇಡಬಾರದು. ನೆಟ್ಟಗೆ ಕೂರಿಸಬೇಕು, ಉಂಡ ಮೇಲೂ ಅರ್ಧ ಗಂಟೆ ಹಾಗೆಯೇ ಕೂರಿಸಬೇಕು. ತಲೆ ಹಿಂದಕ್ಕೆ ಒರಗಿದರೆ ಶ್ವಾಸನಾಳದ ಬಾಗಿಲು ತೆರೆದಂತೆಯೇ, ಆದ್ದರಿಂದ ಉಣಿಸುವವರು ನಿಂತುಕೊಂಡು ಉಣಿಸಬಾರದು. ನಿಂತವರನ್ನು ನೋಡಲು ರೋಗಿ ಗದ್ದ ಎತ್ತುತ್ತಾನೆ. ಒಂದು ಸಣ್ಣ ಚಮಚ, ಅದನ್ನು ನುಂಗಿದ್ದು ಖಾತ್ರಿಯಾದ ಮೇಲೆ ಇನ್ನೊಂದು. ಬಾಯಲ್ಲಿ ತುತ್ತಿರುವಾಗ ಪ್ರಶ್ನೆ ಕೇಳುವುದು ಬೇಡ. ಪಾರ್ಕಿನ್ಸನ್ ಮಾತ್ರೆಯ ಪ್ರಭಾವ ಚೆನ್ನಾಗಿರುವ ಹೊತ್ತಿಗೆ ಊಟವನ್ನು ಹೊಂದಿಸಿದರೆ ನುಂಗುವುದೂ ಹಗುರ. ಮಯಸ್ಥೇನಿಯಾ ಇರುವವರು ಮೊದಲ ತುತ್ತುಗಳನ್ನು ಚೆನ್ನಾಗಿಯೇ ನುಂಗಿ ಕಡೆಯ ತುತ್ತುಗಳಲ್ಲಿ ಸೋಲುತ್ತಾರೆ, ಅವರಿಗೆ ಸ್ವಲ್ಪ ಸ್ವಲ್ಪವಾಗಿ ಹಲವು ಸಲ ಕೊಡುವುದು ಮೇಲು. ಮಾತ್ರೆ ಇಳಿಯುವುದಿಲ್ಲವೆಂದು ಎಲ್ಲವನ್ನೂ ಪುಡಿಮಾಡಿ ಕೊಡುವ ಅಭ್ಯಾಸವೂ ಅಪಾಯಕಾರಿ. ನಿಧಾನವಾಗಿ ಕರಗುವಂತೆ ತಯಾರಿಸಿದ ಮಾತ್ರೆಯನ್ನು ಪುಡಿಮಾಡಿದರೆ ದಿನವಿಡೀ ಒದಗಬೇಕಾದ ಔಷಧಿ ಒಮ್ಮೆಗೇ ಮೈಸೇರುತ್ತದೆ.

ಗಟ್ಟಿ ಆಹಾರಕ್ಕಿಂತ ನೀರು ಸುಲಭವೆಂಬ ನಮ್ಮ ಎಣಿಕೆ ಈ ರೋಗಿಗಳ ಮಟ್ಟಿಗೆ ತಲೆಕೆಳಗು. ನೀರು ವೇಗವಾಗಿ ಜಾರುತ್ತದೆ, ತಡವಾಗಿ ಮುಚ್ಚುವ ಬಾಗಿಲಿಗೆ ಕಾಯುವುದಿಲ್ಲ. ಅದಕ್ಕೆ ಪುಡಿ ಬೆರೆಸಿ ಮಂದಗೊಳಿಸುವ ಕ್ರಮವಿದೆ. ಎಷ್ಟು ಮಂದವೆಂಬುದಕ್ಕೆ ಈಗ ಅಂತರರಾಷ್ಟ್ರೀಯವಾಗಿ ಒಪ್ಪಿದ 0ಯಿಂದ 7ರವರೆಗಿನ ಶ್ರೇಣಿಯಿದೆ, ಅದರಲ್ಲಿ ಪಾನೀಯಗಳ ಅಳತೆಗೆ ಬೇಕಾದ ಸಾಧನ ಒಂದು ಸಿರಿಂಜ್: 10 ಮಿ.ಲೀ. ತುಂಬಿ, ತುದಿಯಿಂದ ಬೆರಳು ತೆಗೆದು, 10 ಸೆಕೆಂಡು ಹರಿಯಬಿಟ್ಟು, ಉಳಿದದ್ದೆಷ್ಟೆಂದು ನೋಡುವುದು. ಇದು ಇಷ್ಟು ಸರಳವೆಂದು ತಿಳಿದಾಗ ನನಗೆ ಸಿಟ್ಟೇ ಬಂತು, ಏಕೆಂದರೆ ಅದಕ್ಕೂ ಮುಂಚೆ ‘ಸ್ವಲ್ಪ ಗಟ್ಟಿ ಮಾಡಿ ಕೊಡಿ’ ಎಂಬ ಮಾತನ್ನು ಮನೆಯ ಮೂವರು ಮೂರು ಬಗೆಯಲ್ಲಿ ಅರ್ಥಮಾಡಿಕೊಂಡಿದ್ದೆವು. ಹಾಗೆಂದು ಮಂದಗೊಳಿಸಿದ ನೀರೇ ಪರಿಹಾರವೆಂದು ಯಾರೂ ತಾವಾಗಿ ಶುರುಮಾಡಬಾರದು. ಅದರ ರುಚಿ ಅನೇಕರಿಗೆ ಸೇರುವುದಿಲ್ಲ, ಕುಡಿಯುವುದನ್ನೇ ಕಡಿಮೆ ಮಾಡಿ ಮೈಯಲ್ಲಿ ನೀರಿನಂಶ ಇಳಿದುಹೋಗುತ್ತದೆ. ಅತಿಯಾಗಿ ಮಂದವಾದದ್ದು ಗಂಟಲಲ್ಲೇ ಉಳಿಯುವುದೂ ಉಂಟು. ಯಾರಿಗೆ, ಎಷ್ಟು, ಎಲ್ಲಿಯವರೆಗೆ ಎಂಬುದನ್ನು ಪರೀಕ್ಷೆ ಮಾಡಿದವರೇ ಹೇಳಬೇಕು, ಹೇಳಿದ್ದನ್ನು ಆಗಾಗ ಮರುಪರಿಶೀಲಿಸಬೇಕು. ಪಾರ್ಶ್ವವಾಯುವಿನವರಲ್ಲಿ ಬಹಳ ಜನರಿಗೆ ಮೊದಲ ಕೆಲವು ವಾರಗಳಲ್ಲೇ ನುಂಗುವ ಶಕ್ತಿ ಮರಳುತ್ತದೆ, ಆದರೆ ಅಂದು ಬರೆದ ಪಥ್ಯ ಮಾತ್ರ ತಿಂಗಳುಗಟ್ಟಲೆ ಹಾಗೆಯೇ ಮುಂದುವರಿಯುತ್ತದೆ.

ಮೂಗಿನ ನಳಿಕೆ ಹಾಕಿದ ಮೇಲೆ ಇನ್ನು ಭಯವಿಲ್ಲವೆಂಬ ನಂಬಿಕೆಯನ್ನೂ ಪ್ರಶ್ನಿಸಬೇಕು. ನಳಿಕೆ ಹೊಟ್ಟೆಗೆ ಆಹಾರ ತಲುಪಿಸುತ್ತದೆ, ಕೆಲವರಿಗೆ ಅದು ಬೇಕೇಬೇಕು. ಆದರೆ ಬಾಯಲ್ಲಿ ಊರುವ ಉಗುಳು ಶ್ವಾಸನಾಳಕ್ಕೆ ಇಳಿಯುವುದನ್ನು ಅದು ತಡೆಯದು. ಆ ಉಗುಳಿನಲ್ಲಿರುವ ರೋಗಾಣುಗಳೇ ನ್ಯುಮೋನಿಯಾ ತರುತ್ತವೆ. ಇಂಥ ನ್ಯುಮೋನಿಯಾ ಯಾರಿಗೆ ಹೆಚ್ಚು ಬರುತ್ತದೆಂದು ವಯಸ್ಸಾದವರಲ್ಲಿ ನಡೆಸಿ 1998ರಲ್ಲಿ ಪ್ರಕಟಿಸಿದ ಅಧ್ಯಯನವೊಂದರಲ್ಲಿ ನುಂಗುವ ತೊಂದರೆಯೊಂದೇ ಸಾಲದೆಂದು ಕಂಡುಬಂತು: ಉಣ್ಣಲು ಬೇರೊಬ್ಬರ ಕೈಯನ್ನು ಅವಲಂಬಿಸುವುದು, ಬಾಯಿ ಶುಚಿಗೊಳಿಸಲು ಬೇರೊಬ್ಬರನ್ನು ಅವಲಂಬಿಸುವುದು, ಹುಳುಕು ಹಲ್ಲುಗಳ ಸಂಖ್ಯೆ, ನಳಿಕೆಯ ಆಹಾರ, ಇವೆಲ್ಲ ಅಪಾಯದ ಗುರುತುಗಳಾಗಿದ್ದವು. ಬಾಯಿಯಿಂದ ಏನೂ ತಿನ್ನದವರ ಹಲ್ಲುಜ್ಜುವುದೇಕೆ ಎಂದು ಸೇವಕರು ಮಾತ್ರವಲ್ಲ, ನಾನೂ ಒಮ್ಮೆ ಕೇಳಿದ್ದೆ. ತಿನ್ನದವರ ಬಾಯಿಯೇ ಹೆಚ್ಚು ಒಣಗುತ್ತದೆ, ಹೆಚ್ಚು ಕೊಳೆಯಾಗುತ್ತದೆ. ನನ್ನನ್ನು ಕೇಳಿದರೆ ಇಡೀ ಆರೈಕೆಯಲ್ಲಿ ಅತ್ಯಂತ ಅಗ್ಗದ್ದೂ ಅತ್ಯಂತ ಅಲಕ್ಷ್ಯಕ್ಕೊಳಗಾದದ್ದೂ ಹಲ್ಲುಜ್ಜುವ ಬ್ರಷ್.

ಮಾತು ಹೋದವರನ್ನು ನಾವು ನಡೆಸಿಕೊಳ್ಳುವ ರೀತಿಯ ಬಗ್ಗೆಯೂ ಒಂದೆರಡು ಮಾತು. ಮಾತಿನ ಯಂತ್ರ ಕೆಡುವುದು ಬೇರೆ, ಭಾಷೆಯೇ ಕೈತಪ್ಪುವುದು ಬೇರೆ. ಮೊದಲನೆಯದರಲ್ಲಿ ಪದ ತಲೆಯಲ್ಲಿ ಪೂರ್ತಿಯಾಗಿರುತ್ತದೆ, ಬಾಯಲ್ಲಿ ಒಡೆಯುತ್ತದೆ. ಎರಡನೆಯದು ಪಾರ್ಶ್ವವಾಯುವಿನಲ್ಲಿ ಸುಮಾರು ಮೂರರಲ್ಲೊಬ್ಬರಿಗೆ ಬರುತ್ತದೆ. ಪದವೇ ಸಿಗುವುದಿಲ್ಲ, ಅಥವಾ ಕೇಳಿದ ಪದದ ಅರ್ಥ ಹತ್ತುವುದಿಲ್ಲ. 1861ರಲ್ಲಿ ಫ್ರಾನ್ಸಿನ ವೈದ್ಯ ಪಾಲ್ ಬ್ರೋಕಾ ವರ್ಣಿಸಿದ ರೋಗಿಗೆ ‘ಟ್ಯಾನ್’ ಎಂಬೊಂದು ಉಲಿಯ ಹೊರತು ಬೇರೆ ಮಾತು ಬರುತ್ತಿರಲಿಲ್ಲ, ಆದರೆ ಹೇಳಿದ್ದು ಬಹುಮಟ್ಟಿಗೆ ಅರ್ಥವಾಗುತ್ತಿತ್ತು. ಚಾಲಕ ನರಕೋಶಗಳ ಕಾಯಿಲೆಯಿದ್ದ ವಿಜ್ಞಾನಿ ಸ್ಟೀಫನ್ ಹಾಕಿಂಗ್ 1985ರಲ್ಲಿ ನ್ಯುಮೋನಿಯಾಕ್ಕಾಗಿ ಗಂಟಲಿನಲ್ಲಿ ರಂಧ್ರ ಮಾಡಿಸಿಕೊಂಡು ಇದ್ದಬದ್ದ ಮಾತನ್ನೂ ಕಳೆದುಕೊಂಡ ಮೇಲೆ ಮೂರು ದಶಕ ಯಂತ್ರದ ಧ್ವನಿಯಲ್ಲಿ ವಿಜ್ಞಾನ ಹೇಳಿದರು. ಇದನ್ನೆಲ್ಲ ಓದಿಯೂ ನಾವು ಮಾತು ತೊದಲುವವರ ಎದುರಿಗೇ ಅವರ ಬಗ್ಗೆ ಪಕ್ಕದವರೊಡನೆ ಮಾತನಾಡುತ್ತೇವೆ, ಎಳೆಯ ಮಗುವಿಗೆ ಹೇಳುವಂತೆ ಹೇಳುತ್ತೇವೆ, ವಾಕ್ಯ ಮುಗಿಯುವ ಮೊದಲೇ ನಾವೇ ಮುಗಿಸಿಬಿಡುತ್ತೇವೆ.

ನಮ್ಮ ಮನೆಯಲ್ಲಿ ಇದರ ಬೆಲೆ ತೆತ್ತವರು ತಂದೆಯವರು. ಕೊನೆಯ ವರ್ಷ ಅವರ ಮಾತಿನಲ್ಲಿ ಪದದ ಬಾಲವಷ್ಟೇ ಕೇಳಿಸುತ್ತಿತ್ತು. ‘ಸಾಕು’ ಎಂದರೂ ‘ಬೇಕು’ ಎಂದರೂ ನಮಗೆ ಕೇಳಿಸುತ್ತಿದ್ದದ್ದು ‘ಕು’ ಒಂದೇ. ಸಾಕೆಂದವರ ಬಾಯಿಗೆ ಇನ್ನೊಂದು ಚಮಚ ಇಟ್ಟದ್ದು ಎಷ್ಟು ಸಲವೋ! ಕೊನೆಗೆ ಆ ವಾಕ್ ಚಿಕಿತ್ಸಕಿಯೇ ಒಂದು ರಟ್ಟಿನ ಮೇಲೆ ಅಕ್ಷರಗಳನ್ನು ದೊಡ್ಡ ದೊಡ್ಡ ಚೌಕಗಳಲ್ಲಿ ಬರೆದುಕೊಟ್ಟು, ಪ್ರತಿ ಪದ ಹೇಳುವಾಗಲೂ ಅದರ ಮೊದಲ ಅಕ್ಷರವನ್ನು ಬೆರಳಿನಿಂದ ತೋರಿಸಲು ಕಲಿಸಿದರು. ಬೆರಳು ನಡುಗುತ್ತಿದ್ದರೂ ಚೌಕ ದೊಡ್ಡದಾಗಿದ್ದರಿಂದ ತಪ್ಪುತ್ತಿರಲಿಲ್ಲ. ಅಕ್ಷರ ತೋರಿಸಲು ನಿಲ್ಲಬೇಕಾದ್ದರಿಂದ ಮಾತಿನ ಓಟವೂ ತಗ್ಗಿತು, ಮಾತು ಸ್ಪಷ್ಟವಾಯಿತು. ರಟ್ಟು ಬಂದ ದಿನ ಅವರು ಮೊದಲು ಮುಟ್ಟಿದ್ದು ‘ಸ’. ನಾನು ಚಮಚವನ್ನು ಕೆಳಗಿಟ್ಟೆ.

ಆದ್ದರಿಂದ ನನ್ನ ಕೇಳಿಕೆ ಎರಡು. ನರರೋಗಿಯನ್ನು ಮನೆಗೆ ಕಳುಹಿಸುವ ಯಾವುದೇ ಆಸ್ಪತ್ರೆಯವರು ನುಂಗುವ ಪರೀಕ್ಷೆ ಮಾಡಿ, ಅದರ ಫಲಿತಾಂಶವನ್ನು ಬಿಡುಗಡೆ ಚೀಟಿಯಲ್ಲಿ ಬರೆದು, ಮನೆಯಲ್ಲಿ ಉಣಿಸುವವರು ಯಾರೋ ಅವರ ಕೈಯಲ್ಲೇ ಒಮ್ಮೆ ಉಣಿಸಿ ನೋಡಿ ತಿದ್ದಿ ಕಳುಹಿಸಲಿ. ಬಿಲ್ಲು ಕಟ್ಟುವ ಮಗನಿಗೆ ಹೇಳಿದರೆ ಉಣಿಸುವ ಸೊಸೆಗೋ ಸೇವಕಿಗೋ ಅದು ತಲುಪುವುದಿಲ್ಲ. ಎರಡನೆಯದು ತಮ್ಮಲ್ಲಿ. ಪಾರ್ಶ್ವವಾಯುವಿನ ಲಕ್ಷಣಗಳ ಪಟ್ಟಿಯನ್ನು ಮುಂದೆ ಪ್ರಕಟಿಸುವಾಗಲೆಲ್ಲ ಅದರ ಕೆಳಗೆ, ಅದೇ ದಪ್ಪ ಅಕ್ಷರಗಳಲ್ಲಿ, ಈ ಸಾಲನ್ನೂ ಸೇರಿಸಬೇಕೆಂದು ವಿನಂತಿಸುತ್ತೇನೆ: ‘ನುಂಗುವ ಶಕ್ತಿಯನ್ನು ಆಸ್ಪತ್ರೆಯಲ್ಲಿ ಪರೀಕ್ಷಿಸುವವರೆಗೆ ನೀರು, ಮಾತ್ರೆ, ಆಹಾರ ಯಾವುದನ್ನೂ ಬಾಯಿಗೆ ಹಾಕಬೇಡಿ, ಮಂಪರಿದ್ದರೆ ಒಂದು ಮಗ್ಗುಲಿಗೆ ಮಲಗಿಸಿ.’

ಇಂತಿ,
ತಮ್ಮ ಪತ್ರಿಕೆಯ ಓದುಗ